ಬಿಸಿಲಿಗೆ ಸಜ್ಜಾ, ಹಸಿವಿಗೆ ಇಡ್ಲಿ

ಭಾನುವಾರ ಬೆಳಗಿನ ಏಳೂವರೆ. ಜಯನಗರದ ಒಂದು ಅಡ್ಡರಸ್ತೆಯಲ್ಲಿ ಹತ್ತಾರು ಮಂದಿ, ಅವರಲ್ಲಿ ಅರ್ಧದಷ್ಟು ಶಾಲಾ ಮಕ್ಕಳು, ಹಳೆಯ ಮನೆಯೊಂದರ ಕಿಟಕಿಯತ್ತ ಕತ್ತೆತ್ತಿ ನಿಂತಿದ್ದರೆ ಹಾಲಿನ ಪ್ಯಾಕೆಟ್ ಹಿಡಿದು ಬರುವ ಹಿರಿಯರು ಸುಮ್ಮನೆ ಹೋಗುವುದಿಲ್ಲ. ‘ಏನ್ರೀ, ಮನೆ ಮಾರಾಟಕ್ಕಿದೆಯಾ?’ ಎಂದು ಕೇಳಿಯೇ ಮುಂದೆ ಹೋಗುತ್ತಾರೆ. ಅವರದೇನೂ ತಪ್ಪಿಲ್ಲ. ಮನೆಯನ್ನು ಹೀಗೆ ದಿಟ್ಟಿಸುವವರು ಕೊಳ್ಳುವವರು, ಇಲ್ಲವೇ ಕೆಡವುವವರು ಎಂಬುದು ದಕ್ಷಿಣ ಬೆಂಗಳೂರಿನ ಅನುಭವ. ಬರಿದೇ ನೋಡಲು ಬಂದಿದ್ದೇವೆ ಎಂದರೆ ಯಾರು ನಂಬುತ್ತಾರೆ!

ನಡೆದಾಡಿ ಊರು ನೋಡುವ ಹವ್ಯಾಸ ಬೆಂಗಳೂರಿಗೆ ಹೊಸದಲ್ಲ. ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ವಿಭಾಗ ‘ಪರಿಚಯ್’ ಎಂಬ ಹೆಸರಿನಲ್ಲಿ ಇಂಥ ನಡಿಗೆಗಳನ್ನು ಏರ್ಪಡಿಸುತ್ತ ಬಂದಿದೆ. ಸಾಮಾನ್ಯವಾಗಿ ಜನ ಹುಡುಕಿಕೊಂಡು ಹೋಗುವುದು ಕೋಟೆ, ಪೇಟೆ, ಗುಡಿ, ಲಾಲ್‌ಬಾಗಿನ ಗಾಜಿನ ಮನೆ. ಜಯನಗರದಂಥ ಬಡಾವಣೆಯಲ್ಲಿ ನೋಡಲು ಏನಿದೆ ಎನ್ನುವವರೇ ಹೆಚ್ಚು. ಆದರೆ 1940ರಿಂದ 1985ರವರೆಗೆ ಇಲ್ಲಿ ಎದ್ದ ಅಲಂಕಾರವಿಲ್ಲದ, ನೇರ ಗೆರೆಗಳ ಕಟ್ಟಡಗಳು ಒಂದು ಕಾಲದ ಬುದ್ಧಿವಂತಿಕೆಯನ್ನು ಹೇಳುತ್ತವೆ. ನಡುವೆ ತಿಂಡಿಗೆ ನಿಂತರೆ ಅದೇ ಮಾತನ್ನು ತಟ್ಟೆಯೂ ಹೇಳುತ್ತದೆ. ಎಂಟನೇ ತರಗತಿ ದಾಟಿದ ಮಕ್ಕಳಿದ್ದರೆ ತಂದೆತಾಯಿಯರೇ ಒಂದು ಬೆಳಗ್ಗೆ ಮಾರ್ಗದರ್ಶಕರಾಗಬಹುದು. ಬೇಕಾದುದು ಒಂದು ಸ್ಕೇಲು, ಒಂದು ನೋಟ್‌ಬುಕ್ಕು, ಮತ್ತು ಹಸಿದ ಹೊಟ್ಟೆ.

ಮೊದಲ ನಿಲುಗಡೆ ಬಸವನಗುಡಿಯ ಎಂ.ಎನ್. ಕೃಷ್ಣರಾವ್ ಉದ್ಯಾನ. ಬೆಳಗಿನ ವಾಯುವಿಹಾರಿಗಳು ದಿನವೂ ನೋಡುವ ಇಲ್ಲಿನ ಮಂಟಪವನ್ನು ರೂಪಿಸಿದವರು ಒಬ್ಬ ಜರ್ಮನ್. ಹೆಸರು ಒಟ್ಟೊ ಕೋನಿಗ್ಸ್‌ಬರ್ಗರ್. 1908ರಲ್ಲಿ ಬರ್ಲಿನ್ನಿನಲ್ಲಿ ಹುಟ್ಟಿದ ಈತ ಯಹೂದಿ ಮೂಲದವನಾದ ಕಾರಣ ಹಿಟ್ಲರ್ ಅಧಿಕಾರಕ್ಕೆ ಬಂದ 1933ರಲ್ಲೇ ದೇಶ ಬಿಡಬೇಕಾಯಿತು. ಕೆಲಕಾಲ ಈಜಿಪ್ಟಿನಲ್ಲಿದ್ದು, ದಿವಾನ್ ಮಿರ್ಜಾ ಇಸ್ಮಾಯಿಲ್ ಅವರ ಕಾಲದಲ್ಲಿ, 1939ರಲ್ಲಿ ಮೈಸೂರು ಸಂಸ್ಥಾನದ ಮುಖ್ಯ ವಾಸ್ತುಶಿಲ್ಪಿಯಾದ. ವಿಜ್ಞಾನದ ವಿದ್ಯಾರ್ಥಿಗಳಿಗೆ ಇನ್ನೊಂದು ಸ್ವಾರಸ್ಯ: ಕ್ವಾಂಟಂ ಭೌತವಿಜ್ಞಾನದ ಮ್ಯಾಕ್ಸ್ ಬಾರ್ನ್ ಈತನ ಸೋದರಮಾವ. ಸಿ.ವಿ. ರಾಮನ್ ಅವರ ಆಹ್ವಾನದ ಮೇಲೆ ಬಾರ್ನ್ 1935-36ರಲ್ಲಿ ಕೆಲವು ತಿಂಗಳು ಟಾಟಾ ಇನ್‌ಸ್ಟಿಟ್ಯೂಟಿನಲ್ಲಿ ಇದ್ದು ಹೋಗಿದ್ದರು. ಸೋದರಮಾವ ಬಂದು ಹೋದ ಊರಿಗೆ ಮೂರು ವರ್ಷಗಳ ನಂತರ ಅಳಿಯ ಬಂದ ಎನ್ನಿ. ಆ ಇನ್‌ಸ್ಟಿಟ್ಯೂಟಿನ ಕೆಲವು ಕಟ್ಟಡಗಳೂ ಈತನವೇ.

ಕೋನಿಗ್ಸ್‌ಬರ್ಗರ್ ಇಲ್ಲಿ ಕೆಲಸ ಮಾಡಿದ ಬಹುಕಾಲ ಎರಡನೆಯ ಮಹಾಯುದ್ಧದ ಕಾಲ. ಉಕ್ಕು, ಸಿಮೆಂಟು ಯುದ್ಧಕ್ಕೆ ಹೋಗುತ್ತಿದ್ದವು. ಇದ್ದುದರಲ್ಲಿ ಕಟ್ಟಬೇಕು, ಬಿಸಿಲು ಮಳೆಗಳನ್ನು ಯಂತ್ರದ ನೆರವಿಲ್ಲದೆ ನಿಭಾಯಿಸಬೇಕು. ಯುರೋಪಿನ ನಕ್ಷೆಯನ್ನು ಇಲ್ಲಿಗೆ ತಂದು ಹಾಕಿದರೆ ನಡೆಯದು ಎಂಬುದನ್ನು ಈತ ಬೆಂಗಳೂರಿನಲ್ಲಿ ಕಲಿತ. ಮುಂದೆ ಲಂಡನ್ನಿನಲ್ಲಿ ಪ್ರಾಧ್ಯಾಪಕನಾಗಿ ಉಷ್ಣವಲಯದ ಕಟ್ಟಡಗಳ ಬಗ್ಗೆ 1974ರಲ್ಲಿ ಸಂಗಡಿಗರೊಂದಿಗೆ ಬರೆದ ಗ್ರಂಥ ಪ್ರಪಂಚದ ಹಲವೆಡೆ ಪಠ್ಯವಾಯಿತು.

ಅದೇ ಯುದ್ಧ ಅಡಿಗೆಮನೆಯನ್ನೂ ಬಿಡಲಿಲ್ಲ. ಅಕ್ಕಿ ಸಿಗದಾದಾಗ ಇಡ್ಲಿಗೆ ರವೆ ಬಳಸಿ ನೋಡಿದ್ದೇ ರವೆ ಇಡ್ಲಿಯ ಹುಟ್ಟು ಎಂದು ಎಂ.ಟಿ.ಆರ್. ಹೇಳಿಕೊಳ್ಳುತ್ತದೆ. 1943ರಲ್ಲಿ, ಯುದ್ಧ ನಡೆದಿರುವಾಗಲೇ, ಗಾಂಧಿಬಜಾರಿನಲ್ಲಿ ವಿದ್ಯಾರ್ಥಿ ಭವನ ಆರಂಭವಾಯಿತು. ಸುತ್ತಲ ವಿದ್ಯಾರ್ಥಿಗಳಿಗಾಗಿ ತೆರೆದ ಸಣ್ಣ ಹೋಟೆಲಿಗೆ ಹೆಸರೂ ಅವರದೇ. ಉದ್ಯಾನದಿಂದ ಅಲ್ಲಿಗೆ ಹತ್ತು ಹನ್ನೆರಡು ನಿಮಿಷದ ದಾರಿ. ಆದರೆ ಭಾನುವಾರದ ಸರದಿಯಲ್ಲಿ ನಿಂತರೆ ನಡಿಗೆ ಅಲ್ಲಿಗೇ ಮುಗಿದೀತು! ಮಸಾಲೆದೋಸೆಯನ್ನು ಇನ್ನೊಂದು ದಿನಕ್ಕೆ ಇಟ್ಟುಕೊಳ್ಳುವುದು ವಾಸಿ. ಶುಕ್ರವಾರ ಮಾತ್ರ ಬೇಡ, ಅಂದು ರಜೆ.

ಸಜ್ಜಾದ ಲೆಕ್ಕ

ಉದ್ಯಾನದಿಂದ ದಕ್ಷಿಣಕ್ಕೆ ನಡೆದರೆ ಸೌತ್ ಎಂಡ್ ಸರ್ಕಲ್. ಊರಿನ ದಕ್ಷಿಣದ ತುದಿ ಇದೇ ಎಂದುಕೊಂಡಿದ್ದ ಕಾಲದ ಹೆಸರು ಅದು. ಸಮೀಪದಲ್ಲೇ ಅಶೋಕ ಸ್ತಂಭ. 1948ರಲ್ಲಿ ಗವರ್ನರ್ ಜನರಲ್ ಆಗಿದ್ದ ರಾಜಾಜಿಯವರಿಂದ ಜಯನಗರಕ್ಕೆ ಶಂಕುಸ್ಥಾಪನೆಯಾಯಿತು. ಇಲ್ಲಿಂದ ಮುಂದೆ ಬ್ಲಾಕುಗಳು, ಮೇನುಗಳು, ಕ್ರಾಸುಗಳು. ವಿಳಾಸ ಹುಡುಕುವವರು ಬೈದುಕೊಳ್ಳುವುದುಂಟಾದರೂ ಮಕ್ಕಳು ನಡೆದು ಶಾಲೆಗೆ ಹೋಗಿ ಬರುವಷ್ಟು ದೂರದಲ್ಲಿ ಅಂಗಡಿ, ಮೈದಾನ, ಪಾರ್ಕು ಇರಬೇಕೆಂಬ ಲೆಕ್ಕಾಚಾರ ಈ ವಿನ್ಯಾಸದಲ್ಲಿ ಕಾಣುತ್ತದೆ.

ಈಗ ಒಂದು ಹಳೆಯ ಮನೆಯ ಎದುರು ನಿಲ್ಲಿ. 1950 ಅಥವಾ 60ರ ದಶಕದ್ದಾದರೆ ಗುರುತುಗಳು ಹೆಚ್ಚುಕಡಿಮೆ ಒಂದೇ. ಗೋಡೆ ಸಾದಾ. ಕಿಟಕಿಯ ಮೇಲೆ ಕಾಂಕ್ರೀಟಿನ ಸಜ್ಜಾ. ಸಜ್ಜಾದ ಮೇಲೆ, ಸೂರಿನ ಹತ್ತಿರ, ಪುಟ್ಟ ವೆಂಟಿಲೇಟರ್. ಮೆಟ್ಟಿಲ ಪಕ್ಕದ ಗೋಡೆಯಲ್ಲಿ ಸಿಮೆಂಟಿನ ಜಾಲರಿ. ಗೇಟಿನಲ್ಲೂ ಕಿಟಕಿಯ ಸರಳುಗಳಲ್ಲೂ ಚೌಕ, ತ್ರಿಕೋನ, ಅರ್ಧ ಸೂರ್ಯ. ಒಳಗೆ ಕೆಂಪು ನೆಲ. ಅದರ ಬಣ್ಣಕ್ಕೆ ಕಾರಣ ಕಬ್ಬಿಣದ ಆಕ್ಸೈಡ್, ಅಂದರೆ ತುಕ್ಕಿನ ಹತ್ತಿರದ ಸಂಬಂಧಿ. ಕೆಲವು ಮನೆಗಳ ತಾರಸಿ ಮರದ ತೊಲೆಗಳ ಮೇಲೆ ಇಟ್ಟಿಗೆಗಳನ್ನು ಅಂಚಿನ ಮೇಲೆ ನಿಲ್ಲಿಸಿ ಸುಣ್ಣದ ಗಾರೆಯಲ್ಲಿ ಕೂಡಿಸಿದ ಮದ್ರಾಸ್ ತಾರಸಿ. ಸಿಮೆಂಟಿಗೆ ಪರ್ಮಿಟ್ ಬೇಕಾಗಿದ್ದ ದಿನಗಳನ್ನು ಇಂದಿನ ಅಜ್ಜ ಅಜ್ಜಿಯರು ಮರೆತಿಲ್ಲ. ಸಿಮೆಂಟಿನ ಮೇಲಿನ ನಿಯಂತ್ರಣ 1982ರಲ್ಲಿ ಭಾಗಶಃ, 1989ರಲ್ಲಿ ಪೂರ್ತಿಯಾಗಿ ಹೋಯಿತು. ಅಲ್ಲಿಯವರೆಗೆ ಒಂದೊಂದು ಮೂಟೆಗೂ ಲೆಕ್ಕ.

ಹಾಗಿದ್ದೂ ಸಜ್ಜಾಕ್ಕೆ ಸಿಮೆಂಟು ಕೊಟ್ಟಿದ್ದಾರಲ್ಲ, ಏಕೆ? ಉತ್ತರಕ್ಕೆ ಸ್ಕೇಲು ಹೊರತೆಗೆಯಬೇಕು.

ಬೆಂಗಳೂರು ಇರುವುದು ಸುಮಾರು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಡಿಸೆಂಬರ್ 22ರ ನಡುಹಗಲಿನಲ್ಲಿ ಸೂರ್ಯ ದಕ್ಷಿಣಕ್ಕೆ ವಾಲಿ, ದಿಗಂತದಿಂದ ಸುಮಾರು 53.5 ಡಿಗ್ರಿ ಎತ್ತರದಲ್ಲಿರುತ್ತಾನೆ. ದಕ್ಷಿಣದ ಗೋಡೆಯಿಂದ ಎರಡು ಅಡಿ, ಅಂದರೆ 60 ಸೆಂಟಿಮೀಟರ್ ಮುಂದೆ ಬಂದ ಸಜ್ಜಾ ಆಗ ಗೋಡೆಯ ಮೇಲೆ ಸುಮಾರು 81 ಸೆಂಟಿಮೀಟರ್ ನೆರಳು ಬೀಳಿಸುತ್ತದೆ. ಹತ್ತನೇ ತರಗತಿಯ ತ್ರಿಕೋನಮಿತಿ ಸಾಕು: 60ನ್ನು ಆ ಕೋನದ ಟ್ಯಾನ್ ಬೆಲೆಯಿಂದ ಗುಣಿಸಿ. ಕಿಟಕಿ 120 ಸೆಂಟಿಮೀಟರ್ ಎತ್ತರವಿದ್ದರೆ ಕೆಳಗಿನ ಮೂರನೇ ಒಂದು ಭಾಗದಲ್ಲಿ ಚಳಿಗಾಲದ ಎಳೆಬಿಸಿಲು ಒಳಗೆ ಬರುತ್ತದೆ. ಅದು ಬೇಕಾದ ಬಿಸಿಲು. ಮಾರ್ಚ್ 21ಕ್ಕೆ ಸೂರ್ಯ 77 ಡಿಗ್ರಿಗೆ ಏರುತ್ತಾನೆ. ಆಗ ನೆರಳು ಸುಮಾರು 260 ಸೆಂಟಿಮೀಟರ್, ಕಿಟಕಿಯಿಡೀ ನೆರಳಿನಲ್ಲಿ. ಸ್ವಿಚ್ಚಿಲ್ಲ, ಕರೆಂಟಿಲ್ಲ, ಕಲ್ಲಿನಂತೆ ಕದಲದ ಒಂದು ಹಲಗೆ ವರ್ಷವಿಡೀ ಬಿಸಿಲನ್ನು ಜರಡಿ ಹಿಡಿಯುತ್ತದೆ.

ಉತ್ತರದ ಕಿಟಕಿಗೇಕೆ ಸಜ್ಜಾ, ಮಳೆಗಷ್ಟೇ ತಾನೇ ಎಂದು ದೊಡ್ಡವರೂ ಕೇಳುತ್ತಾರೆ. ಅಲ್ಲ. ಏಪ್ರಿಲ್ 24ರ ಆಸುಪಾಸಿನಲ್ಲಿ ಬೆಂಗಳೂರಿನಲ್ಲಿ ಸೂರ್ಯ ನೆತ್ತಿಯ ಮೇಲೆ ಸರಿಯಾಗಿ ಬಂದು, ನೆಟ್ಟಗೆ ನಿಲ್ಲಿಸಿದ ಕೋಲಿಗೆ ನೆರಳೇ ಇಲ್ಲದಂತಾಗುತ್ತದೆ. ಗಡಿಯಾರದಲ್ಲಿ ಆಗ 12 ಗಂಟೆ 18 ನಿಮಿಷದ ಸುಮಾರು. ಅಂದಿನಿಂದ ಆಗಸ್ಟ್ 18ರವರೆಗೆ ಮಧ್ಯಾಹ್ನದ ಸೂರ್ಯ ನಮ್ಮ ಉತ್ತರಕ್ಕಿರುತ್ತಾನೆ. ಆಗಸ್ಟ್ 18ರಂದು ಮತ್ತೆ ಶೂನ್ಯ ನೆರಳು. ಶಾಲೆಗಳು ಅಂಗಳದಲ್ಲಿ ಕೋಲು ನೆಟ್ಟು ಆಚರಿಸುವ ಈ ದಿನವನ್ನು ಹಳೆಯ ಮೇಸ್ತ್ರಿಗಳು ಉತ್ತರದ ಗೋಡೆಯಲ್ಲಿ ಗುರುತು ಹಾಕಿ ಹೋಗಿದ್ದಾರೆ.

ತೊಂದರೆ ಕೊಡುವುದು ಪಶ್ಚಿಮ. ಬೇಸಿಗೆಯ ಸಂಜೆ ಸೂರ್ಯ 30 ಡಿಗ್ರಿಗೆ ಇಳಿದು ಗೋಡೆಯ ನೇರ ಎದುರಿಗಿದ್ದರೆ ಅದೇ ಎರಡಡಿ ಸಜ್ಜಾದ ನೆರಳು ಬರೀ 35 ಸೆಂಟಿಮೀಟರ್. ಅಲ್ಲಿ ಸಜ್ಜಾ ಕೈಚೆಲ್ಲುತ್ತದೆ. ಅದಕ್ಕೇ ಬಲ್ಲವರು ಆ ಕಡೆ ಜಾಲರಿ, ನಿಲುವು ಹಲಗೆ, ಮೆಟ್ಟಿಲು, ಬಚ್ಚಲು ಇಟ್ಟರು. ಕಾಂಪೌಂಡಿನಲ್ಲಿ ಹೊಂಗೆಯೋ ಮಾವೋ ನೆಟ್ಟರು. ಇಂದು ಇದೇ ರಸ್ತೆಯಲ್ಲಿ ಪಶ್ಚಿಮಕ್ಕೆ ಮುಖಮಾಡಿ ನೆಲದಿಂದ ಸೂರಿನವರೆಗೆ ಗಾಜು ಹೊದ್ದ ಕಟ್ಟಡಗಳಿವೆ. ಒಳಗೆ ಮಧ್ಯಾಹ್ನದಿಂದಲೇ ಪರದೆ ಎಳೆದು, ದೀಪ ಹಚ್ಚಿ, ಏಸಿ ಹಾಕಿ ಕೂರುತ್ತಾರೆ. ಬೆಳಕಿಗೆಂದು ಗಾಜು, ಗಾಜಿಗೆಂದು ಪರದೆ, ಪರದೆಗೆಂದು ದೀಪ!

ಕುರ್ಚಿ ಬಿಟ್ಟ ಹೋಟೆಲು

ಇಷ್ಟು ಲೆಕ್ಕ ಮಾಡಿದ ಮೇಲೆ ಮಕ್ಕಳು ತಿಂಡಿ ಕೇಳದೆ ಇರುವುದಿಲ್ಲ. ಜಯನಗರವೇ ಅದಕ್ಕೆ ತಕ್ಕ ಸ್ಥಳ, ಏಕೆಂದರೆ ದರ್ಶಿನಿ ಹುಟ್ಟಿದ್ದು ಇಲ್ಲಿ. 1983ರಲ್ಲಿ ಆರ್. ಪ್ರಭಾಕರ್ ಅವರ ‘ಕೆಫೆ ದರ್ಶಿನಿ’ ತೆರೆಯಿತು. ನಿಂತು ತಿನ್ನುವುದು ಅದಕ್ಕೂ ಮೊದಲೇ ಇತ್ತು. ಶಂಕರಪುರದ ಬ್ರಾಹ್ಮಿಣ್ಸ್ ಕಾಫಿ ಬಾರ್ 1965ರಿಂದ ಇಡ್ಲಿ, ವಡೆ, ಚಟ್ನಿಗಳಲ್ಲೇ ಹೆಸರು ಮಾಡಿದೆ. ಸಾಂಬಾರ್ ಕೇಳಿದರೆ ಇಲ್ಲ. ಆದರೆ ಅದನ್ನೊಂದು ಪದ್ಧತಿ ಮಾಡಿ ಊರಿಡೀ ಹರಡಿದ್ದು ದರ್ಶಿನಿ.

ದರ್ಶಿನಿಯನ್ನು ಒಂದು ಕಟ್ಟಡದಂತೆ ನೋಡಿ. ಕುರ್ಚಿ ಇಲ್ಲ. ಬಡಿಸುವವರಿಲ್ಲ. ಎದೆಮಟ್ಟದ ಮೇಜು, ಒರೆಸಲು ಸುಲಭವಾದ ಕಲ್ಲು ಅಥವಾ ಸ್ಟೀಲು. ಅಡಿಗೆ ಎದುರಿಗೇ ನಡೆಯುವುದರಿಂದ ಬಚ್ಚಿಡುವುದು ಏನೂ ಇಲ್ಲ. ಮೊದಲು ದುಡ್ಡು, ಆಮೇಲೆ ಚೀಟಿ, ಆಮೇಲೆ ತಟ್ಟೆ. ನಿಂತು ತಿನ್ನುವವರು ಬೇಗ ಹೋಗುತ್ತಾರೆ, ಇಕ್ಕಟ್ಟಾದ ಜಾಗದಲ್ಲೂ ಬಹಳ ಮಂದಿಗೆ ಸಿಗುತ್ತದೆ, ಬೆಲೆ ಇಳಿಯುತ್ತದೆ. ಆಧುನಿಕ ವಾಸ್ತುಶಿಲ್ಪಿಗಳು ಗೋಡೆಯಿಂದ ಬಳ್ಳಿ ಹೂವು ತೆಗೆದಂತೆ ಪ್ರಭಾಕರ್ ಹೋಟೆಲಿನಿಂದ ಕುರ್ಚಿ ತೆಗೆದರು. ವಯಸ್ಸಾದವರಿಗೆ ಇದು ಕಷ್ಟ ಎಂಬ ದೂರು ನ್ಯಾಯವಾದದ್ದೇ. ಈಗ ಹಲವು ಕಡೆ ಒಂದೆರಡು ಸ್ಟೂಲು ಇಟ್ಟಿರುತ್ತಾರೆ.

ಅಂದಹಾಗೆ ಇಡ್ಲಿಯ ಬಗ್ಗೆಯೂ ಒಂದು ಪ್ರಶ್ನೆ ಕೇಳಬಹುದು. ಅದು ಎಷ್ಟು ಡಿಗ್ರಿಯಲ್ಲಿ ಬೇಯುತ್ತದೆ? ನೂರು ಎನ್ನುವ ಮಕ್ಕಳಿಗೆ ಪೂರ್ತಿ ಅಂಕವಿಲ್ಲ. ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರಿಗೂ ಎತ್ತರದಲ್ಲಿದೆ. ಇಲ್ಲಿ ತೆರೆದ ಪಾತ್ರೆಯ ನೀರು ಸುಮಾರು 97 ಡಿಗ್ರಿಯಲ್ಲೇ ಕುದಿಯುತ್ತದೆ.

ನಾಲ್ಕನೇ ಬ್ಲಾಕಿನ ಶಾಪಿಂಗ್ ಕಾಂಪ್ಲೆಕ್ಸ್ 1970ರ ದಶಕದ್ದು. ಒಂದೇ ಸೂರಿನಡಿ ತರಕಾರಿ, ಬಟ್ಟೆ, ಕಚೇರಿ, ಸಿನಿಮಾ ಎಲ್ಲ ಇರಲಿ ಎಂಬ ಕಲ್ಪನೆ. ಪುಟ್ಟಣ್ಣ ಕಣಗಾಲರ ಹೆಸರಿನ ಚಿತ್ರಮಂದಿರ ಈಗಿಲ್ಲ. ಹೆಚ್ಚು ಹೊತ್ತು ನಿಲ್ಲುವಂಥದೇನೂ ಉಳಿದಿಲ್ಲ. ಇಲ್ಲಿಂದ ಬಸ್ಸು ಹಿಡಿದು ಬನ್ನೇರುಘಟ್ಟ ರಸ್ತೆಯ ಬಿಳೇಕಹಳ್ಳಿಗೆ ಹೋಗುವುದು ಒಳ್ಳೆಯದು.

ಅಲ್ಲಿ, ಒಂದು ಕಡೆ ಜೆ.ಪಿ. ನಗರ, ಇನ್ನೊಂದು ಕಡೆ ಬಿ.ಟಿ.ಎಂ. ಲೇಔಟ್ ನಡುವೆ, ಸುಮಾರು 100 ಎಕರೆಯ ಇಂಡಿಯನ್ ಇನ್‌ಸ್ಟಿಟ್ಯೂಟ್ ಆಫ್ ಮ್ಯಾನೇಜ್‌ಮೆಂಟ್. 1973ರಲ್ಲಿ ಆರಂಭವಾದ ಸಂಸ್ಥೆಗೆ ಈ ಆವರಣವನ್ನು ರೂಪಿಸಿದವರು ಬಾಲಕೃಷ್ಣ ದೋಶಿ. ಪ್ಯಾರಿಸ್ಸಿನಲ್ಲಿ ಲ ಕಾರ್ಬೂಸಿಯೆ ಕೈಕೆಳಗೆ ದುಡಿದು, ಅಹಮದಾಬಾದಿನಲ್ಲಿ ಲೂಯಿ ಕಾನ್ ಜೊತೆಗಿದ್ದು ಬಂದವರು. 2018ರಲ್ಲಿ ವಾಸ್ತುಶಿಲ್ಪದ ನೊಬೆಲ್ ಎನ್ನಲಾಗುವ ಪ್ರಿಟ್ಜ್‌ಕರ್ ಪ್ರಶಸ್ತಿ ಪಡೆದ ಮೊದಲ ಭಾರತೀಯ. 2023ರ ಜನವರಿಯಲ್ಲಿ ತೀರಿಕೊಂಡರು. ಒಳಗೆ ಹೋಗಲು ಮೊದಲೇ ಅನುಮತಿ ಕೇಳಬೇಕು. ಶಾಲೆಯ ಮೂಲಕ ಪತ್ರ ಬರೆದರೆ ಅನುಕೂಲ.

ಅನುಮತಿ ಸಿಕ್ಕವರು ಅಲ್ಲಿನ ಓಣಿಗಳಲ್ಲಿ ನಿಧಾನವಾಗಿ ನಡೆಯಬೇಕು. ಗೋಡೆಗಳಿಗೆ ಗಿಲಾವಿಲ್ಲ, ಇಲ್ಲಿಯದೇ ಬೂದು ಕಲ್ಲು. ಮೇಲೆ ಕೆಲವೆಡೆ ಪೂರ್ಣ ಸೂರು, ಕೆಲವೆಡೆ ಬಳ್ಳಿ ಹಬ್ಬಿದ ಕಾಂಕ್ರೀಟ್ ಪಟ್ಟಿಗಳ ಚಪ್ಪರ, ಕೆಲವೆಡೆ ಬರೀ ಆಕಾಶ. ನೆಲದ ಮೇಲಿನ ನೆರಳಿನ ಪಟ್ಟೆಗಳು ಗಂಟೆಗಂಟೆಗೂ ಸರಿಯುತ್ತವೆ. ಜಯನಗರದ ಮನೆಯ ಎರಡಡಿ ಸಜ್ಜಾ ಇಲ್ಲಿ ಓಣಿಯುದ್ದಕ್ಕೂ ಬೆಳೆದಿದೆ. ಫತೇಪುರ ಸಿಕ್ರಿಯ ಅಂಗಳಗಳು, ಬೆಂಗಳೂರಿನ ತೋಟಗಳು ತಮ್ಮ ಮನಸ್ಸಿನಲ್ಲಿದ್ದವೆಂದು ದೋಶಿ ಹೇಳುತ್ತಿದ್ದರು. ತರಗತಿಯಷ್ಟೇ ಓಣಿಯಲ್ಲೂ ಪಾಠ ನಡೆಯುತ್ತದೆಂಬುದು ಅವರ ನಂಬಿಕೆ.

ದೊಡ್ಡ ಸಂಸ್ಥೆಯ ಕಟ್ಟಡಕ್ಕೆ ಕಾಯುವವರಿದ್ದಾರೆ ಎಂದುಕೊಳ್ಳುವಂತೆಯೂ ಇಲ್ಲ. ದೆಹಲಿಯಲ್ಲಿ ರಾಜ್ ರೇವಾಲ್ ರೂಪಿಸಿದ, 1972ರ ಹಾಲ್ ಆಫ್ ನೇಷನ್ಸ್ ಅನ್ನು 2017ರ ಏಪ್ರಿಲ್‌ನಲ್ಲಿ ಕೆಡವಿದರು. 1958ರ ಕೇಂದ್ರ ಕಾಯ್ದೆ ಪ್ರಾಚೀನ ಸ್ಮಾರಕವೆಂದು ಗುರುತಿಸಬೇಕಾದರೆ ಕನಿಷ್ಠ ನೂರು ವರ್ಷ ಆಗಿರಬೇಕು. ಆ ಲೆಕ್ಕದಲ್ಲಿ ಜಯನಗರದ ಅತಿ ಹಳೆಯ ಮನೆಗೂ 2048ರವರೆಗೆ ಆ ಅರ್ಹತೆ ಬಾರದು. ಅಷ್ಟರಲ್ಲಿ ಎಷ್ಟು ಉಳಿದಿರುತ್ತವೆ? ಒಂದು ನಿವೇಶನದಲ್ಲಿ ನಾಲ್ಕು ಮಹಡಿ ಎಬ್ಬಿಸಬಹುದಾದಾಗ ಒಂದೇ ಮಹಡಿಯ ಕೆಂಪು ನೆಲದ ಮನೆಯನ್ನು ಇಟ್ಟುಕೊಳ್ಳಿರೆಂದು ಅಣ್ಣತಮ್ಮಂದಿರ ಪಾಲಿನ ನಡುವೆ ಯಾರು ಹೇಳಬಲ್ಲರು? ಮನೆಯವರನ್ನು ದೂರುವುದು ಸುಲಭ, ಆದರೆ ಅನ್ಯಾಯ.

ಅಳತೆಯನ್ನಾದರೂ ಬರೆದುಕೊಳ್ಳಬಹುದು. ಮನೆಯವರನ್ನು ಕೇಳಿ ಸಜ್ಜಾ ಎಷ್ಟು ಮುಂದೆ ಬಂದಿದೆ, ಕಿಟಕಿ ಯಾವ ದಿಕ್ಕಿಗೆ, ಮಧ್ಯಾಹ್ನ ನೆರಳು ಎಲ್ಲಿಗೆ ಬಂತು ಎಂದು ಬರೆದು, ಗೇಟಿನ ವಿನ್ಯಾಸವನ್ನು ಪೆನ್ಸಿಲ್ಲಿನಲ್ಲಿ ತೆಗೆದುಕೊಂಡರೆ ವಿಜ್ಞಾನದ ಪ್ರಾಜೆಕ್ಟಿಗೆ ಬೇರೆ ವಿಷಯ ಹುಡುಕಬೇಕಾಗಿಲ್ಲ. ಬಹಳಷ್ಟು ಮನೆಗಳಲ್ಲಿ ಅಜ್ಜಿಯರು ಒಳಗೆ ಕರೆದು ನೆಲವನ್ನೂ ತೋರಿಸುತ್ತಾರೆ, ಕಾಫಿಯನ್ನೂ ಕೊಡುತ್ತಾರೆ. ಬಿಳೇಕಹಳ್ಳಿಯವರೆಗೆ ಹೋಗಲಾಗದವರು ನಾಲ್ಕನೇ ಬ್ಲಾಕಿನಲ್ಲೇ ನಿಲ್ಲಿಸಿ, ದೊಡ್ಡವರಿಗೆ ಬೈ ಟು ಕಾಫಿ, ಮಕ್ಕಳಿಗೆ ಬಾದಾಮಿ ಹಾಲು ಹೇಳಿ ಮೆಟ್ರೊ ಹಿಡಿಯಬಹುದು. ಹಸಿರು ಮಾರ್ಗದ ಜಯನಗರ ನಿಲ್ದಾಣ ಹತ್ತಿರದಲ್ಲೇ ಇದೆ.