ಅಡಿಕೆಗೆ ಕೊಳೆ ತರೋದು ‘ಫಂಗಸ್’ ಅಲ್ಲ! ಏನಿದು ಊಮೈಸೀಟ್?

ಮಳೆ ನಾಲ್ಕು ದಿನ ಬಿಡದೆ ಹೊಡೆದು, ಐದನೇ ದಿನ ಒಂದಿಷ್ಟು ಬಿಸಿಲು ಕಂಡು, ಮತ್ತೆ ಮಳೆ ಶುರುವಾಯ್ತು ಅಂದ್ರೆ ಮಲೆನಾಡಿನ ಮನೆಗಳ ವಾಟ್ಸ್‌ಆ್ಯಪ್ ಗ್ರೂಪಿಗೆ ಒಂದು ಫೋಟೊ ಬಂದೇ ಬರುತ್ತೆ. ಅಡಿಕೆ ಮರದ ಬುಡದಲ್ಲಿ ಉದುರಿಬಿದ್ದ ಹಸಿ ಕಾಯಿಗಳು, ಅವುಗಳ ಮೇಲೆ ಹತ್ತಿಯಂಥ ಬಿಳಿ ಬೂಷ್ಟು. ಕೆಳಗೆ ಒಂದೇ ಪದ: ‘ಕೊಳೆ’. ಬೆಂಗಳೂರಲ್ಲಿರೋ ಮಗನೋ ಮಗಳೋ ತಕ್ಷಣ ಗೂಗಲ್ ಮಾಡ್ತಾರೆ. ‘ಫಂಗಲ್ ಡಿಸೀಸ್’ ಅಂತ ಬರುತ್ತೆ. ‘ಅಪ್ಪಾ, ಒಳ್ಳೆ ಫಂಗಿಸೈಡ್ ತಂದು ಹೊಡೆಸಿ’ ಅಂತ ಉತ್ತರ ಹೋಗುತ್ತೆ.

ಇವತ್ತಿನ ಮಾತು ಆ ಉತ್ತರದ ಬಗ್ಗೆ. ಯಾಕಂದ್ರೆ ಅಡಿಕೆಗೆ ಕೊಳೆ ತರುವ ಜೀವಿ ನಿಜವಾದ ಫಂಗಸ್, ಅಂದ್ರೆ ಶಿಲೀಂಧ್ರ ಅಲ್ಲವೇ ಅಲ್ಲ. ಅದರ ಹೆಸರು ಫೈಟಾಫ್ತೊರಾ. ಅದು ಸೇರಿರೋ ಗುಂಪಿಗೆ ಜೀವಶಾಸ್ತ್ರದಲ್ಲಿ ಇರುವ ಪದ ಊಮೈಸೀಟ್. ಕೆಲವರು ಓ-ಓ-ಮೈಸೀಟ್ ಅಂತಲೂ ಹೇಳ್ತಾರೆ, ಜಗಳ ಬೇಡ.

ಪದದ ಅರ್ಥ ನೋಡಿ. ಗ್ರೀಕ್ ಭಾಷೆಯಲ್ಲಿ ‘ಊ’ ಅಂದ್ರೆ ಮೊಟ್ಟೆ, ‘ಮೈಸೀಟ್’ ಅಂದ್ರೆ ಅಣಬೆ ಅಥವಾ ಶಿಲೀಂಧ್ರ. ಒಟ್ಟಿಗೆ ‘ಮೊಟ್ಟೆ ಶಿಲೀಂಧ್ರ’. ಲೈಂಗಿಕ ಸಂತಾನೋತ್ಪತ್ತಿ ಹೊತ್ತಲ್ಲಿ ಇವು ಮೊಟ್ಟೆಯಂಥ ದುಂಡನೆ ಬೀಜಕ ಕಟ್ಟೋದ್ರಿಂದ ಆ ಹೆಸರು. ತಮಾಷೆ ಅಂದ್ರೆ ಹೆಸರಲ್ಲೇ ‘ಶಿಲೀಂಧ್ರ’ ಇದೆ, ಜೀವಿ ಮಾತ್ರ ಶಿಲೀಂಧ್ರ ಅಲ್ಲ. ಹೆಸರಿಟ್ಟ ಕಾಲದಲ್ಲಿ ವಿಜ್ಞಾನಿಗಳ ಕೈಲಿದ್ದದ್ದು ಸೂಕ್ಷ್ಮದರ್ಶಕ. ಅದರಲ್ಲಿ ನೋಡಿದ್ರೆ ದಾರದಂಥ ಎಳೆಗಳು, ಎಳೆಗಳ ತುದಿಯಲ್ಲಿ ಬೀಜಕದ ಚೀಲಗಳು, ಥೇಟ್ ಬೂಷ್ಟಿನ ಹಾಗೆ. ಜೀವಕೋಶದ ರಸಾಯನವನ್ನೂ ಆಮೇಲೆ ಡಿಎನ್‌ಎಯನ್ನೂ ಓದಿದಾಗ ಗೊತ್ತಾಗಿದ್ದು, ಇವುಗಳ ಹತ್ತಿರದ ನೆಂಟರು ಅಣಬೆಗಳಲ್ಲ, ಸಮುದ್ರದ ಕಂದು ಪಾಚಿ ಮತ್ತು ಡಯಾಟಮ್‌ಗಳು ಅಂತ. ನಿಜವಾದ ಶಿಲೀಂಧ್ರಗಳು ಸಸ್ಯಗಳಿಗಿಂತ ಪ್ರಾಣಿಗಳಿಗೇ ಹತ್ತಿರ. ಅಂದ್ರೆ ವಂಶಾವಳಿ ಲೆಕ್ಕದಲ್ಲಿ ನಾಯಿಕೊಡೆಗೆ ಫೈಟಾಫ್ತೊರಾಗಿಂತ ನೀವೇ ಹತ್ತಿರದ ಸಂಬಂಧಿ.

ಸರಿ, ವರ್ಗೀಕರಣದ ಈ ಗಲಾಟೆ ತೋಟಕ್ಕೆ ಯಾಕೆ ಬೇಕು? ಎರಡು ಕಾರಣಕ್ಕೆ ಬೇಕು.

ಮೊದಲನೆಯದು ಔಷಧಿ. ಅಂಗಡಿಯಲ್ಲಿ ಎಲ್ಲ ಡಬ್ಬಿ ಮೇಲೂ ‘ಶಿಲೀಂಧ್ರನಾಶಕ’ ಅಂತಲೇ ಇರುತ್ತೆ. ಆದ್ರೆ ಒಂದೊಂದು ಔಷಧಿ ಒಂದೊಂದು ಕಡೆ ಹೊಡೆತ ಕೊಡುತ್ತೆ. ಪ್ರೊಪಿಕೊನಜೋಲ್, ಟೆಬುಕೊನಜೋಲ್ ಥರದವು ಶಿಲೀಂಧ್ರ ತನ್ನ ಕೋಶದ ಪೊರೆಗೆ ಬೇಕಾದ ಎರ್ಗೊಸ್ಟಿರಾಲ್ ಅನ್ನೋ ವಸ್ತು ತಯಾರಿಸೋದನ್ನ ತಡೀತವೆ. ಫೈಟಾಫ್ತೊರಾ ಆ ವಸ್ತುವನ್ನು ತಯಾರಿಸೋದೇ ಇಲ್ಲ! ಇಲ್ಲದ ಕಾರ್ಖಾನೆಗೆ ಬೀಗ ಹಾಕಿದ ಹಾಗೆ. ಬಹಳ ಜನ ಬಳಸೋ ಕಾರ್ಬೆಂಡಜಿಮ್ ಕೂಡ ಊಮೈಸೀಟ್ ಮೇಲೆ ಕೆಲಸ ಮಾಡಲ್ಲ. ಅದೇ ಮೆಟಲಾಕ್ಸಿಲ್ ತಗೊಳ್ಳಿ, ಲೆಕ್ಕ ಉಲ್ಟಾ. ಅದು ಊಮೈಸೀಟ್‌ಗಳನ್ನು ಹೊಡೆಯುತ್ತೆ, ನಿಜವಾದ ಶಿಲೀಂಧ್ರಕ್ಕೆ ಅದರ ಬಿಸಿ ತಟ್ಟಲ್ಲ.

ಇದು ಈಗ ಇನ್ನೂ ಮುಖ್ಯ ಆಗಿದೆ. ಈಚಿನ ವರ್ಷಗಳಲ್ಲಿ ಮಲೆನಾಡು, ಕರಾವಳಿಯ ತೋಟಗಳನ್ನ ಕಾಡ್ತಿರೋ ಎಲೆಚುಕ್ಕಿ ರೋಗ ಬರೋದು ಕೊಲೆಟೊಟ್ರೈಕಮ್ ಮುಂತಾದ ನಿಜವಾದ ಶಿಲೀಂಧ್ರಗಳಿಂದ. ಅದಕ್ಕೆ ಪ್ರೊಪಿಕೊನಜೋಲ್‌ನಂಥ ಔಷಧಿ ಶಿಫಾರಸು ಮಾಡ್ತಾರೆ. ಒಂದೇ ಮರ, ಎಲೆಯಲ್ಲಿ ಶಿಲೀಂಧ್ರ, ಗೊನೆಯಲ್ಲಿ ಊಮೈಸೀಟ್. ‘ಹೇಗೂ ಫಂಗಿಸೈಡ್ ಹೊಡೆಸಿದೀವಲ್ಲ, ಕೊಳೆಗೂ ಆಯ್ತು’ ಅಂದುಕೊಂಡ್ರೆ ದುಡ್ಡೂ ಹೋಗುತ್ತೆ, ಹೊಡೆಯೋರ ಕೂಲಿಯೂ ಹೋಗುತ್ತೆ, ಮಳೆ ನಡುವೆ ಸಿಕ್ಕ ಎರಡು ದಿನದ ಬಿಡುವೂ ಹೋಗುತ್ತೆ. ಆ ಬಿಡುವು ಎಷ್ಟು ದುಬಾರಿ ಅಂತ ತೋಟದವರಿಗೇ ಗೊತ್ತು.

ಎರಡನೇ ಕಾರಣ ನೀರು. ನನ್ನ ಪ್ರಕಾರ ಇಡೀ ಕತೆಯ ಜೀವ ಇರೋದೇ ಇಲ್ಲಿ. ಫೈಟಾಫ್ತೊರಾದ ಎಳೆಯ ತುದಿಯಲ್ಲಿ ನಿಂಬೆಹಣ್ಣಿನ ಆಕಾರದ ಪುಟಾಣಿ ಚೀಲ ಬೆಳೆಯುತ್ತೆ. ತಣ್ಣನೆ ನೀರು ಸಿಕ್ಕಿದ್ರೆ ಆ ಚೀಲದ ಬಾಯಿ ತೆರೆದು ಒಳಗಿನಿಂದ ಝೂಸ್ಪೋರ್‌ಗಳು ಹೊರಗೆ ಬರ್ತವೆ. ಝೂಸ್ಪೋರ್ ಅಂದ್ರೆ ಈಜುವ ಬೀಜಕ. ಪ್ರತಿಯೊಂದಕ್ಕೂ ಚಾಟಿಯಂಥ ಎರಡು ಬಾಲ. ಕಾಯಿಯ ಮೇಲೆ ಹರಡಿದ ತೆಳ್ಳನೆ ನೀರಿನ ಪದರವೇ ಅವಕ್ಕೆ ಕೆರೆ. ಈಜಿ ಸರಿಯಾದ ಜಾಗ ಸೇರಿ, ಬಾಲ ಕಳಚಿ, ಗಟ್ಟಿ ಕವಚ ಕಟ್ಟಿಕೊಂಡು, ಅಲ್ಲಿಂದ ಮೊಳಕೆ ಒಡೆದು ಕಾಯಿಯೊಳಗೆ ನುಗ್ಗುತ್ತವೆ. ಕೊಳೆ ಸಾಮಾನ್ಯವಾಗಿ ತೊಟ್ಟಿನ ಹತ್ತಿರ ನೀರು ನೆನೆದಂಥ ಕಲೆಯಾಗಿ ಶುರುವಾಗೋದನ್ನು ನೀವು ನೋಡಿರಬಹುದು. ನೀರು ನಿಲ್ಲೋದು ಅಲ್ಲೇ ಅಲ್ವಾ? ಬಿಸಿಲು-ಮಳೆ ಆಟ ಆಡಿದ ವರ್ಷ ಕೊಳೆ ಜಾಸ್ತಿ ಅಂತ ಹಿರಿಯರು ಹೇಳೋ ಮಾತಿಗೂ ವಿಜ್ಞಾನದ ಒಪ್ಪಿಗೆ ಇದೆ.

ಹಿಂದಿನವರು ಮಳೆಗಾಲಕ್ಕೆ ಮೊದಲೇ ಗೊನೆಗೆ ಕೊಟ್ಟೆ ಕಟ್ಟುತ್ತಿದ್ದರು. ಈಗಲೂ ಕೆಲವರು ಪ್ಲಾಸ್ಟಿಕ್ ಕೊಟ್ಟೆ ಕಟ್ಟುತ್ತಾರೆ. ಝೂಸ್ಪೋರ್ ಅನ್ನೋ ಪದ ಯಾರೂ ಕೇಳಿರಲಿಲ್ಲ. ಆದ್ರೂ ಮಾಡಿದ್ದು ಸರಿಯಾದ ಕೆಲಸವನ್ನೇ: ಈಜೋದಕ್ಕೆ ನೀರೇ ಸಿಗದ ಹಾಗೆ ನೋಡಿಕೊಂಡರು.

ಮೈಸೂರು ಸಂಸ್ಥಾನದಲ್ಲಿ ಈ ರೋಗವನ್ನು ವೈಜ್ಞಾನಿಕವಾಗಿ ಬಿಡಿಸಿ ನೋಡಿದವರು ಕೆನಡಾದಿಂದ ಬಂದಿದ್ದ ಲೆಸ್ಲಿ ಕೋಲ್ಮನ್. 1910ರಲ್ಲಿ ಅವರು ಹೊರತಂದ ಬುಲೆಟಿನ್‌ನಲ್ಲಿ ಇದು ಫೈಟಾಫ್ತೊರಾದ ಕೆಲಸ ಅಂತ ತೋರಿಸಿದರು, ಬೋರ್ಡೋ ದ್ರಾವಣ ಸಿಂಪಡಿಸಲು ಹೇಳಿದರು. ಬುಲೆಟಿನ್ ಇಂಗ್ಲಿಷಿನದ್ದು, ರೋಗದ ಹೆಸರು ಮಾತ್ರ ಕನ್ನಡದ್ದೇ: ಕೊಳೆರೋಗ.

ಈ ಹೆಸರಿನದ್ದೂ ಒಂದು ಕತೆ ಇದೆ, ಹೇಳದೆ ಮುಂದೆ ಹೋಗೋಕೆ ಮನಸ್ಸಿಲ್ಲ. 1876ರಲ್ಲಿ ಜರ್ಮನಿಯ ಆಂಟನ್ ಡಿ ಬಾರಿ, ಐರ್ಲೆಂಡಿನ ಆಲೂಗಡ್ಡೆ ಕ್ಷಾಮಕ್ಕೆ ಕಾರಣವಾದ ಜೀವಿಗೆ ಫೈಟಾಫ್ತೊರಾ ಅಂತ ಹೆಸರಿಟ್ಟರು. ‘ಗಿಡ ನಾಶಕ’ ಅಂತ ಅರ್ಥ. ಅದೇ ವರ್ಷ ಇಂಗ್ಲೆಂಡಿನ ಎಂ. ಸಿ. ಕುಕ್, ಮೈಸೂರು ಸೀಮೆಯ ಕಾಫಿ ಗಿಡದ ಕೊಳೆಗೆ ಕಾರಣವಾದ ಶಿಲೀಂಧ್ರಕ್ಕೆ ಪೆಲಿಕ್ಯುಲೇರಿಯಾ ಕೊಳೆರೋಗ ಅಂತ ಹೆಸರಿಟ್ಟರು. ಹೌದು, ಕನ್ನಡ ಪದ ಹಾಗೇ ಲ್ಯಾಟಿನ್ ಹೆಸರೊಳಗೆ! 1958ರಲ್ಲಿ ಕೊಳೆರೋಗ ಅನ್ನೋದು ಒಂದು ಕುಲದ ಹೆಸರೇ ಆಯ್ತು, ಕೊಳೆರೋಗ ನಾಕ್ಸಿಯಾ ಅಂತ. ಆ ಕಾಫಿ ಕೊಳೆ ನಿಜವಾದ ಶಿಲೀಂಧ್ರ, ಅಣಬೆಗಳ ಬಳಗದ್ದು. ಎಲೆಗಳು ಕಪ್ಪಾಗಿ ದಾರಕ್ಕೆ ಸಿಕ್ಕಿಕೊಂಡ ಹಾಗೆ ಜೋತುಬೀಳ್ತವೆ. ಹಾಗಾಗಿ ವಿಜ್ಞಾನದ ಪುಸ್ತಕದಲ್ಲಿ ‘ಕೊಳೆರೋಗ’ ಅಂತ ಕಂಡರೆ ಯಾವ ಬೆಳೆ ಅಂತ ಮೊದಲು ನೋಡಿ. ಕಾಫಿಯ ಕೊಳೆ ಶಿಲೀಂಧ್ರ, ಅಡಿಕೆಯ ಕೊಳೆ ಊಮೈಸೀಟ್.

ಹಾಗಾದ್ರೆ ದಿನದ ಮಾತಲ್ಲಿ ‘ಕೊಳೆ ಫಂಗಸ್’ ಅನ್ನಲೇಬಾರದಾ? ಅನ್ನಿ, ತೊಂದರೆ ಇಲ್ಲ. ಕೃಷಿ ಕಾಲೇಜುಗಳಲ್ಲಿ ಊಮೈಸೀಟ್ ಪಾಠ ಇವತ್ತಿಗೂ ಶಿಲೀಂಧ್ರಗಳ ಜೊತೆಗೇ ನಡೆಯುತ್ತೆ. ಅಂಗಡಿಗೆ ಹೋದಾಗ ಮಾತ್ರ ಒಂದು ಪ್ರಶ್ನೆ ಕೇಳಿ: ‘ಇದು ಫೈಟಾಫ್ತೊರಾಗೆ ಕೆಲಸ ಮಾಡುತ್ತಾ?’ ಲೇಬಲ್ ಮೇಲೆ ರಾಸಾಯನಿಕದ ಹೆಸರಿರುತ್ತೆ, ಫೋಟೊ ತೆಗೆದು ಹತ್ತಿರದ ಕೃಷಿ ವಿಜ್ಞಾನ ಕೇಂದ್ರದವರಿಗೆ ತೋರಿಸಬಹುದು.

ಬೋರ್ಡೋಗೆ ಈ ಗೊಂದಲ ಇಲ್ಲ. ಅದರಲ್ಲಿರೋ ತಾಮ್ರ ಶಿಲೀಂಧ್ರ, ಊಮೈಸೀಟ್ ಎರಡಕ್ಕೂ ವಿಷ. ಆದ್ರೆ ಅದು ಕಾಯಿಯ ಮೇಲೆ ಕೂತು ಕಾಯುತ್ತೆ ಅಷ್ಟೇ, ಒಳಗೆ ಹೊಕ್ಕ ರೋಗವನ್ನ ಹಿಡಿಯಲ್ಲ. ಅದಕ್ಕೇ ಮಳೆ ಹಿಡಿಯೋ ಮುಂಚೆ ಒಂದು ಸಲ, ಸುಮಾರು 40-45 ದಿನ ಬಿಟ್ಟು ಇನ್ನೊಂದು ಸಲ ಹೊಡೆಯೋದು. ಉದುರಿದ ಕಾಯಿಗಳನ್ನ ಆರಿಸಿ ತೋಟದಿಂದ ಹೊರಗೆ ಹಾಕೋದೂ ಅಷ್ಟೇ ಮುಖ್ಯ. ಶೇಕಡ 1ರ ದ್ರಾವಣಕ್ಕೆ ಲೆಕ್ಕ ಹೀಗೆ: 1 ಕೆ.ಜಿ. ಮೈಲುತುತ್ತ, 1 ಕೆ.ಜಿ. ಸುಣ್ಣ, 100 ಲೀಟರ್ ನೀರು. ಮೈಲುತುತ್ತವನ್ನೂ ಸುಣ್ಣವನ್ನೂ ಬೇರೆ ಬೇರೆ ಕರಗಿಸಿ ಆಮೇಲೆ ಬೆರೆಸಬೇಕು, ಪಾತ್ರೆ ಪ್ಲಾಸ್ಟಿಕ್ಕಿನದ್ದೇ ಇರಲಿ. ಹದ ಬಂತಾ ಅಂತ ನೋಡೋಕೆ ಹೊಳೆಯೋ ಚಾಕುವನ್ನ ಸ್ವಲ್ಪ ಹೊತ್ತು ಅದ್ದಿ ತೆಗೆಯಿರಿ. ಅಲಗಿನ ಮೇಲೆ ಕೆಂಪಗೆ ತಾಮ್ರ ಕೂತಿದ್ದರೆ ಇನ್ನೂ ಸ್ವಲ್ಪ ಸುಣ್ಣ ಬೇಕು ಅಂತ.