ಗೊತ್ತಿದೆ ಎನಿಸುವ ಪದಗಳೇ ಕೈಕೊಡುತ್ತವೆ

ಕಾಸರಗೋಡಿನ ಕಚೇರಿಗಳಲ್ಲಿ ಕನ್ನಡಿಗರನ್ನು ಹೆಚ್ಚು ದಾರಿ ತಪ್ಪಿಸುವುದು ಗೊತ್ತಿಲ್ಲದ ಮಲಯಾಳ ಪದಗಳಲ್ಲ, ಗೊತ್ತಿದೆ ಎನಿಸುವ ಪದಗಳು. ಮಲಯಾಳದಲ್ಲಿ 'ಅಪೇಕ್ಷೆ' ಎಂದರೆ ಅರ್ಜಿ, 'ಸಂಸಾರ' ಎಂದರೆ ಮಾತುಕತೆ (ನಮ್ಮ ಸಂಸಾರದಲ್ಲೂ ಮಾತಿಗೇನು ಬರವಿಲ್ಲ ಬಿಡಿ), 'ಅನುವಾದ' ಎಂದರೆ ಅನುಮತಿ. ಆಡುಮಾತಿನಲ್ಲಿ ಇವು ಬೆರೆತರೆ ತೊಂದರೆಯಿಲ್ಲ, ಎದುರಿಗಿರುವವರನ್ನು ಕೇಳಿಕೊಳ್ಳಬಹುದು. ಆದರೆ ನಮೂನೆಗಳನ್ನು ಕನ್ನಡಕ್ಕೆ ತರುವಾಗ ಲಿಪಿಯನ್ನಷ್ಟೇ ಬದಲಿಸಿ ಪದವನ್ನು ಹಾಗೆಯೇ ಉಳಿಸಿದರೆ ಕೇಳುವುದು ಯಾರನ್ನು? 'ಅನುವಾದ ಪತ್ರ' ತನ್ನಿ ಎಂದಿದ್ದರೆ ಕನ್ನಡ ಕಲಿತವರು ಭಾಷಾಂತರದ ಪ್ರತಿ ಹಿಡಿದು ಸಾಲಿನಲ್ಲಿ ನಿಲ್ಲುತ್ತಾರೆ.

ಎಲ್ಲಕ್ಕಿಂತ ಅಪಾಯದ್ದು 'ಅವಕಾಶ'. ಮಲಯಾಳದಲ್ಲಿ ಅದು ಹಕ್ಕು. 2005ರ ಮಾಹಿತಿ ಹಕ್ಕು ಕಾಯ್ದೆ ಅಲ್ಲಿ 'ವಿವರಾವಕಾಶ' ನಿಯಮ. ಹಾಗಾಗಿ ತರವಾಡಿನ ಜಾಗದ ಕಾಗದದಲ್ಲಿ 'ಅವಕಾಶ ಬಿಟ್ಟಿದ್ದೇನೆ' ಎಂಬ ಸಾಲಿಗೆ ಸಹಿ ಹಾಕಿದರೆ, ಬಿಟ್ಟುಕೊಟ್ಟದ್ದು ಜಾಗದ ಮೇಲಿನ ಹಕ್ಕನ್ನೇ.