ಕುತ್ತಿಗೆ ಎಷ್ಟು ತಿರುಗುತ್ತದೆ, ಅಳೆದು ನೋಡಿದ್ದೀರಾ?

ಕಳೆದ ಸಂಚಿಕೆಯಲ್ಲಿ ಅಡಿಕೆಯ ಕೊಳೆರೋಗಕ್ಕೆ ಬೋರ್ಡೋ ದ್ರಾವಣ ತಯಾರಿಸುವ ಕ್ರಮವನ್ನು ಬರೆದಿದ್ದೆವು. ಅದನ್ನು ಓದಿದ ಹಿರಿಯ ಕೃಷಿಕರೊಬ್ಬರು ಭಾನುವಾರದ ಪೂಜೆ ಮುಗಿದ ಮೇಲೆ ಚರ್ಚಿನ ಅಂಗಳದಲ್ಲಿ ನಿಲ್ಲಿಸಿ ಕೇಳಿದರು: "ಮದ್ದು ಮಾಡುವುದನ್ನು ಬರೆದಿರಿ ಫಾದರ್, ಸರಿ. ಮದ್ದು ಬಿಡುವವನ ಕುತ್ತಿಗೆಯ ವಿಷಯ ಯಾರು ಬರೆಯುವುದು?" ಪ್ರಶ್ನೆ ನ್ಯಾಯವಾದದ್ದು. ಹಾಗಾಗಿ ಈ ಸಲದ ಅಂಕಣ ಕುತ್ತಿಗೆಗೆ ಮೀಸಲು.

ನಮ್ಮ ಕಾಸರಗೋಡು ಕಡೆಯ ತೋಟಗಳಲ್ಲಿ ಮರ ಹತ್ತುವವರು ಸಿಗುವುದು ಕಷ್ಟವಾಗಿ, ಈಗ ಕೆಲವು ವರ್ಷಗಳಿಂದ ಕಾರ್ಬನ್ ಫೈಬರಿನ ಉದ್ದ ದೋಟಿ ಬಂದಿದೆ. ನೆಲದಲ್ಲಿ ನಿಂತೇ ಗೊನೆ ಕೊಯ್ಯಬಹುದು, ಮದ್ದು ಬಿಡಬಹುದು. ಮರದಿಂದ ಬೀಳುವ ಭಯವಿಲ್ಲ. ಇದು ಸಣ್ಣ ಉಪಕಾರವಲ್ಲ, ಮರದಿಂದ ಬಿದ್ದವರ ಮನೆಗಳನ್ನು ನಾವೆಲ್ಲ ಕಂಡವರೇ. ಆದರೆ ಬೆಳಗಿನಿಂದ ಮಧ್ಯಾಹ್ನದವರೆಗೆ ಆಕಾಶ ನೋಡಿಕೊಂಡೇ ನಿಂತಿರಬೇಕು. ಸ್ವಲ್ಪ ಲೆಕ್ಕ ಮಾಡಿ ನೋಡೋಣ. ಗೊನೆ ನಮ್ಮ ಕಣ್ಣಿನ ಮಟ್ಟಕ್ಕಿಂತ 35 ಅಡಿ ಮೇಲಿದ್ದು, ಮರದ ಬುಡದಿಂದ 10 ಅಡಿ ಹಿಂದೆ ಸರಿದು ನಿಂತರೂ ನೋಟ 74 ಡಿಗ್ರಿ ಮೇಲಕ್ಕೆ ಹೋಗಬೇಕಾಗುತ್ತದೆ. ಕುತ್ತಿಗೆಯಾದರೋ ಹಿಂದಕ್ಕೆ ಬಾಗುವುದು ಹೆಚ್ಚೆಂದರೆ 60 ಡಿಗ್ರಿ. ಉಳಿದದ್ದನ್ನು ಕಣ್ಣುಗುಡ್ಡೆ ಸ್ವಲ್ಪ, ಬೆನ್ನು ಸ್ವಲ್ಪ ಹಂಚಿಕೊಳ್ಳಬೇಕು. ಎಂದರೆ ಒಂದೊಂದು ಮರದ ಕೆಳಗೂ ಕುತ್ತಿಗೆ ತನ್ನ ಕೊನೆಯ ಅಂಚಿನಲ್ಲೇ ನಿಂತಿರುತ್ತದೆ.

ನಮಗೆ ಪರಿಚಯದ ಕೃಷಿಕ ಬಂಧುವೊಬ್ಬರ ವಿಷಯ ಹೇಳುತ್ತೇವೆ. ವಯಸ್ಸು ಐವತ್ತು ದಾಟಿದೆ. ದೋಟಿ ತಂದ ಮೊದಲ ಮಳೆಗಾಲದಲ್ಲೇ ಅವರಿಗೆ ಕುತ್ತಿಗೆ ಹಿಡಿದುಕೊಂಡಿತು. ಮನೆಯವರು ಎಣ್ಣೆ ತಿಕ್ಕಿದರು, ಬಿಸಿನೀರು ಹೊಯ್ದರು, ಹದಿನೈದು ದಿನದಲ್ಲಿ ನೋವು ಹೋಯಿತು. ನೋವು ಹೋದ ಮೇಲೆ ಕಾಯಿಲೆಯೂ ಹೋಯಿತೆಂದು ಅವರು ತಿಳಿದರು. ನಾವಾದರೂ ಹಾಗೆಯೇ ತಿಳಿಯುತ್ತಿದ್ದೆವು. ಅವರ ಹೆಂಡತಿ ಮಾತ್ರ ಒಂದು ಸಂಗತಿ ಗಮನಿಸಿದ್ದರು. ಹಿಂದಿನಿಂದ ಕರೆದರೆ ಅವರು ತಲೆ ತಿರುಗಿಸುವುದಿಲ್ಲ, ಗಾಡಿ ಸಮೇತ ಎತ್ತು ತಿರುಗಿದ ಹಾಗೆ ಇಡೀ ಮೈ ತಿರುಗಿಸುತ್ತಾರೆ. ಒಂದು ದಿನ ತೋಟದ ದಾರಿಯಿಂದ ಸ್ಕೂಟರಿನಲ್ಲಿ ಡಾಮರು ರಸ್ತೆಗೆ ಏರುವಾಗ ಬಲಗಡೆಯಿಂದ ಬಂದ ಜೀಪು ಅವರಿಗೆ ಕಾಣಲೇ ಇಲ್ಲ. ಜೀಪಿನವನು ಬ್ರೇಕು ಹಾಕಿದ್ದರಿಂದ ಬದುಕಿದರು. ಕಣ್ಣು ಮಂದವಾಯಿತೆಂದು ಭಾವಿಸಿ ಪೇಟೆಗೆ ಹೋಗಿ ಹೊಸ ಕನ್ನಡಕ ಮಾಡಿಸಿಕೊಂಡು ಬಂದರು!

ನಮ್ಮ ಸಭಾಂಗಣದಲ್ಲಿ ನಡೆದ ಆರೋಗ್ಯ ತಪಾಸಣೆಯ ದಿನ ಫಿಸಿಯೋಥೆರಪಿಯ ಹೆಣ್ಣುಮಗಳೊಬ್ಬಳು ಬಂದಿದ್ದಳು. ಇವರನ್ನು ಬೆನ್ನೊರಗುವ ಕುರ್ಚಿಯಲ್ಲಿ ನೆಟ್ಟಗೆ ಕೂರಿಸಿ, ಪಾದ ನೆಲಕ್ಕೆ ಊರಿಸಿ, ಸಹಾಯಕ್ಕೆ ಬಂದ ಹುಡುಗನಿಂದ ಎರಡೂ ಹೆಗಲನ್ನು ಮೆಲ್ಲನೆ ಅದುಮಿ ಹಿಡಿಸಿ, "ಈಗ ತಿರುಗಿ" ಎಂದಳು. ಎಡಕ್ಕೆ 64 ಡಿಗ್ರಿ ಬಂತು. ಬಲಕ್ಕೆ 38. "ಇಲ್ಲ, ನಾನು ಪೂರ್ತಿ ತಿರುಗುತ್ತೇನೆ" ಎಂದು ಇವರು ಹಟ ಹಿಡಿದರು. ಹುಡುಗ ಹೆಗಲು ಬಿಟ್ಟಾಗ ನಿಜವಾಗಿಯೂ ಪೂರ್ತಿ ತಿರುಗಿದರು, ಹೆಗಲು, ಎದೆ, ಸೊಂಟ ಎಲ್ಲವೂ ಸೇರಿ. ಕುತ್ತಿಗೆ ಕಳೆದುಕೊಂಡದ್ದನ್ನು ಬೆನ್ನು ಸದ್ದಿಲ್ಲದೆ ತುಂಬಿಕೊಟ್ಟಿತ್ತು. ಇದರಿಂದಲೇ ನಷ್ಟ ನಮಗೆ ತಿಳಿಯುವುದಿಲ್ಲ. ಸ್ಕೂಟರಿನ ಮೇಲೆ ಎರಡು ಕೈಯಲ್ಲಿ ಹಿಡಿಕೆ ಹಿಡಿದಾಗ ಬೆನ್ನು ಅಷ್ಟು ತಿರುಗಲಾರದು, ಆಗ ಮಾತ್ರ ಲೆಕ್ಕ ಹೊರಗೆ ಬೀಳುತ್ತದೆ.

ಆಕೆ ಬಳಸಿದ ಉಪಕರಣಕ್ಕೆ ಗೋನಿಯೋಮೀಟರ್ ಎಂದು ಹೆಸರು. ಶಾಲೆಯ ಕಂಪಾಸು ಪೆಟ್ಟಿಗೆಯ ಕೋನಮಾಪಕಕ್ಕೆ ಎರಡು ಉದ್ದ ತೋಳು ಜೋಡಿಸಿದಂತೆ ಇರುತ್ತದೆ. ಗೋನಿಯಾ ಎಂದರೆ ಗ್ರೀಕಿನಲ್ಲಿ ಮೂಲೆ, ಕೋನ. ಶುಭಸಂದೇಶದ ಮೂಲೆಗಲ್ಲಿನ ಮಾತಿನಲ್ಲಿ ಇರುವ ಪದವೂ ಅದೇ. ಸೆಮಿನರಿಯಲ್ಲಿ ಕಷ್ಟಪಟ್ಟು ಕಲಿತ ಗ್ರೀಕು ಇಷ್ಟು ವರ್ಷಗಳ ಮೇಲೆ ಕುತ್ತಿಗೆ ನೋವಿಗೆ ಉಪಯೋಗಕ್ಕೆ ಬಂತು.

ಅಳೆಯುವ ಕ್ರಮ ಹೀಗೆ. ತಿರುಗುವುದನ್ನು ಅಳೆಯಲು ಉಪಕರಣದ ನಡು ನೆತ್ತಿಯ ಮೇಲೆ ಬರಬೇಕು. ಒಂದು ತೋಳು ಹೆಗಲಿನ ಸಾಲಿಗೆ, ಇನ್ನೊಂದು ಮೂಗಿನ ತುದಿಯ ಕಡೆಗೆ. ತಲೆ ಮುಂದೆ ಹಿಂದೆ ಬಾಗುವುದಕ್ಕೆ ನಡು ಕಿವಿಯ ತೂತಿನ ಮೇಲೆ. ಪಕ್ಕಕ್ಕೆ ವಾಲುವುದಕ್ಕೆ ಹಿಂಗುತ್ತಿಗೆಯ ಬುಡದಲ್ಲಿ ಕೈಗೆ ಸಿಗುವ ಗಡುಸಾದ ಉಬ್ಬು, ಅಂದರೆ ಏಳನೆಯ ಕುತ್ತಿಗೆ ಮೂಳೆಯ ಮೇಲೆ. ಆರೋಗ್ಯವಂತ ವಯಸ್ಕರಲ್ಲಿ ಮುಂದಕ್ಕೆ ಸುಮಾರು 50, ಹಿಂದಕ್ಕೆ 60, ಪಕ್ಕಕ್ಕೆ 45, ತಿರುಗುವುದು 80 ಡಿಗ್ರಿಯವರೆಗೆ ಎಂದು ಲೆಕ್ಕ. ಪುಸ್ತಕದಿಂದ ಪುಸ್ತಕಕ್ಕೆ ಈ ಸಂಖ್ಯೆಗಳು ಸ್ವಲ್ಪ ಬೇರೆಯಾಗುತ್ತವೆ, ವಯಸ್ಸಾದಂತೆ ಎಲ್ಲರಲ್ಲಿಯೂ ಇಳಿಯುತ್ತವೆ. ಆದ್ದರಿಂದ ಎಪ್ಪತ್ತರ ಅಜ್ಜ ಇಪ್ಪತ್ತರ ಮೊಮ್ಮಗನ ಸಂಖ್ಯೆಗೆ ಹೋಲಿಸಿಕೊಂಡು ಹೆದರಬೇಕಾಗಿಲ್ಲ. ಎಡಕ್ಕೂ ಬಲಕ್ಕೂ ದೊಡ್ಡ ಅಂತರವಿದೆಯೇ, ಹೋದ ತಿಂಗಳಿಗಿಂತ ಕಡಿಮೆಯಾಗಿದೆಯೇ ಎಂಬುದು ಮುಖ್ಯ.

ಕುತ್ತಿಗೆಯಲ್ಲಿ ಇರುವುದು ಏಳು ಮೂಳೆಗಳು. ಜಿರಾಫೆಗೂ ಏಳೇ. ತಲೆಬುರುಡೆಯನ್ನು ಹೊತ್ತ ಮೊದಲನೆಯದಕ್ಕೆ ಅಟ್ಲಾಸ್ ಎಂದು ಹೆಸರಿಟ್ಟಿದ್ದಾರೆ. ಆಕಾಶವನ್ನು ಹೊತ್ತುಕೊಂಡನೆಂದು ಗ್ರೀಕರ ಪುರಾಣ ಹೇಳುವ ದೈತ್ಯನ ಹೆಸರು ಅದು. ಸೊಪ್ಪಿನ ಕಟ್ಟನ್ನು ತಲೆಯ ಮೇಲೆ ಹೊತ್ತು ಗುಡ್ಡ ಇಳಿಯುವ ನಮ್ಮ ಹೆಂಗಸರು ಕೇಳಿದರೆ ನಗಬಹುದು, ಅವರ ಅಟ್ಲಾಸಿಗೆ ದಿನಾ ಎರಡು ಹೊರೆ! ನಾವು ತಲೆ ತಿರುಗಿಸುವುದರಲ್ಲಿ ಹೆಚ್ಚುಕಡಿಮೆ ಅರ್ಧಪಾಲು ಈ ಮೊದಲ ಮೂಳೆ ಎರಡನೆಯದರ ಮೇಲೆ ತಿರುಗುವುದರಿಂದಲೇ ಬರುತ್ತದೆ. ಅದೊಂದು ಕೀಲು ಬಿಗಿದುಕೊಂಡರೂ ತಿರುಗುವಿಕೆ ಎದ್ದು ಕಾಣುವಷ್ಟು ಇಳಿಯುತ್ತದೆ.

ಇನ್ನು ನಮ್ಮ ಬಂಧುವಿನ ಕತೆಗೆ ಬರೋಣ. ಆಕೆ ಹೇಳಿಕೊಟ್ಟ ವ್ಯಾಯಾಮವನ್ನು ಅವರು ನಿಷ್ಠೆಯಿಂದ ಮಾಡಿದರು. ಎರಡು ವಾರದ ಮೇಲೆ ಕಾಲೇಜಿಗೆ ಹೋಗುವ ಮಗ ಮನೆಯಲ್ಲೇ ಅಳೆದ: 52 ಡಿಗ್ರಿ! ಸಂತೋಷದಿಂದ ನಮಗೆ ಫೋನು ಬಂತು. ಮೂರು ದಿನ ಕಳೆದು ಫಿಸಿಯೋಥೆರಪಿಯವಳು ಅಳೆದಾಗ ಬರೀ 43. ಯಾರ ಅಳತೆ ಸುಳ್ಳು? ಇಬ್ಬರದೂ ಅಲ್ಲ. ಮಗ ಅಳೆದದ್ದು ಜಗಲಿಯ ಬೆಂಚಿನ ಮೇಲೆ ಕೂರಿಸಿ. ಒರಗಲು ಬೆನ್ನಿಲ್ಲ, ಹೆಗಲು ಹಿಡಿಯುವವರಿಲ್ಲ. ಹೆಗಲೂ ಸ್ವಲ್ಪ ತಿರುಗಿ ಲೆಕ್ಕದಲ್ಲಿ ಸೇರಿಕೊಂಡಿತು. ಅಡಿಕೆ ತೂಗುವಾಗ ಗೋಣಿಯ ತೂಕ ಕಳೆಯದೆ ಬರೆದುಕೊಂಡಂತಾಯಿತು. ಅಷ್ಟೇ ಅಲ್ಲ, 38ರಿಂದ 43ಕ್ಕೆ ಏರಿದ್ದನ್ನೂ ಆಕೆ ಗುಣವೆಂದು ಒಪ್ಪಲಿಲ್ಲ. ಒಬ್ಬರೇ ಒಂದೇ ಉಪಕರಣದಿಂದ ಅಳೆದರೂ ಐದು ಡಿಗ್ರಿಯ ಹೆಚ್ಚುಕಡಿಮೆ ಬಂದೇ ಬರುತ್ತದೆ, ಹತ್ತರ ಹತ್ತಿರ ಬಂದರೆ ನಂಬೋಣ ಎಂದಳು. ಎರಡು ತಿಂಗಳಿಗೆ 57 ಬಂತು. ಆಗ ನಂಬಿದಳು. ಈ ಹುಡುಗಿಯ ಲೆಕ್ಕದ ಕಟ್ಟುನಿಟ್ಟು ನಮ್ಮ ಚರ್ಚಿನ ಹಣಕಾಸು ಸಮಿತಿಗೆ ಇದ್ದಿದ್ದರೆ ಎಂದು ನಮಗೆ ಅನ್ನಿಸದೆ ಇರಲಿಲ್ಲ.

ದೊಡ್ಡ ಕೇಂದ್ರಗಳಲ್ಲಿ ಕನ್ನಡಕದಂತೆ ತಲೆಗೆ ತೊಡಿಸುವ ಅಳತೆಯ ಚೌಕಟ್ಟು ಇರುತ್ತದೆ. ಅದರಲ್ಲಿ ಮೂರು ಮಾಪಕಗಳು. ಎರಡು ಭೂಮಿಯ ಸೆಳೆತದಿಂದ ಬಾಗುವುದನ್ನೂ ವಾಲುವುದನ್ನೂ ತೋರಿಸುತ್ತವೆ, ಮೂರನೆಯದು ದಿಕ್ಸೂಚಿಯ ಮುಳ್ಳಿನಿಂದ ತಿರುಗುವುದನ್ನು. ಈಗ ಕೈಯಲ್ಲಿರುವ ಫೋನಿನಲ್ಲೂ ವಾಲಿಕೆ ತೋರಿಸುವ ಸೌಲಭ್ಯವಿದೆ. ಆದರೆ ಕುಳಿತು ತಲೆ ತಿರುಗಿಸಿದರೆ ಆ ವಾಲಿಕೆಯ ಅಳತೆಗೆ ಏನೂ ತಿಳಿಯುವುದಿಲ್ಲ. ಅಂಗಾತ ಮಲಗಿ ಹಣೆಯ ಮೇಲೆ ಫೋನು ಹಿಡಿದು ತಿರುಗಿದರೆ ತಿಳಿಯುತ್ತದೆ. ಮಲಗಿ ಅಳೆದದ್ದನ್ನು ಕುಳಿತು ಅಳೆದದ್ದಕ್ಕೆ ಹೋಲಿಸಬಾರದು.

ಇವೆಲ್ಲ ಇಲ್ಲದವರಿಗೆ ದರ್ಜಿಯ ಟೇಪು ಸಾಕು. ಅಡುಗೆಮನೆಯ ಕುರ್ಚಿಯನ್ನು ಗೋಡೆಗೆ ಒತ್ತಿಡಿ. ಬೆನ್ನು ತಾಗಿಸಿ ಕುಳಿತು ಬಾಯಿ ಮುಚ್ಚಿ. ಬಾಯಿ ತೆರೆದರೆ ಗದ್ದ ಇಳಿದು ಲೆಕ್ಕ ತಪ್ಪುತ್ತದೆ. ತಲೆಯನ್ನು ಸ್ವತಃ, ನಿಧಾನವಾಗಿ, ನೋವಾಗದಷ್ಟು ತಿರುಗಿಸಿ, ಗದ್ದದ ತುದಿಯಿಂದ ಹೆಗಲಿನ ಮೂಳೆಯ ತುದಿಗೆ ಎಷ್ಟು ಸೆಂಟಿಮೀಟರ್ ಎಂದು ಮನೆಯವರೊಬ್ಬರು ನೋಡಲಿ. ಮುಂದಕ್ಕೆ ಬಗ್ಗಿದಾಗ ಗದ್ದದಿಂದ ಎದೆಮೂಳೆಯ ಮೇಲಿನ ಗುಳಿಗೆ. ಪಕ್ಕಕ್ಕೆ ವಾಲಿದಾಗ ಕಿವಿಯ ಹಿಂದಿನ ಮೂಳೆಯಿಂದ ಹೆಗಲ ತುದಿಗೆ. ಆಗ ಹೆಗಲು ಕಿವಿಯ ಕಡೆಗೆ ಏರದಂತೆ ಕಣ್ಣಿಡಬೇಕು, ಎಲ್ಲರೂ ಮಾಡುವ ಕಳ್ಳತನ ಇದೇ. ಅಳೆಯುವ ಮೊದಲು ನಾಲ್ಕೈದು ಸಲ ಹಗುರವಾಗಿ ತಿರುಗಿಸಿಕೊಳ್ಳಿ. ಬೆಳಗ್ಗೆ ಎದ್ದೊಡನೆ ಕುತ್ತಿಗೆ ಬಿಗಿದಿರುತ್ತದೆ, ಆದ್ದರಿಂದ ಪ್ರತಿ ಸಲವೂ ಒಂದೇ ಹೊತ್ತು, ಅದೇ ಕುರ್ಚಿ, ಅಳೆಯುವವರೂ ಅವರೇ ಇರಲಿ. ಗೋಡೆಯ ಕ್ಯಾಲೆಂಡರಿನಲ್ಲಿ ತಿಂಗಳಿಗೊಮ್ಮೆ ಬರೆದಿಟ್ಟರೆ ಸಾಕು.

ಇಲ್ಲಿ ಒಂದು ವಿಷಯವನ್ನು ಬಿಗಿಯಾಗಿಯೇ ಹೇಳಬೇಕು. ಮರದಿಂದಲೋ ಏಣಿಯಿಂದಲೋ ಬಿದ್ದವರ ಕುತ್ತಿಗೆಯನ್ನು ಅಳೆಯುವುದೂ ಬೇಡ, "ತಿರುಗುತ್ತದೆಯೇ ನೋಡು" ಎಂದು ಕೇಳುವುದೂ ಬೇಡ. ಕೆನಡಾದ ವೈದ್ಯರು 2001ರಲ್ಲಿ ಪ್ರಕಟಿಸಿ ಇಂದಿಗೂ ಆಸ್ಪತ್ರೆಗಳಲ್ಲಿ ಬಳಕೆಯಲ್ಲಿರುವ ನಿಯಮದ ಪ್ರಕಾರ ಮೂರು ಅಡಿ ಅಥವಾ ಐದು ಮೆಟ್ಟಿಲಿನಿಂದ ಬಿದ್ದರೂ ಅದು ಅಪಾಯದ ಪೆಟ್ಟು. 65 ದಾಟಿದವರಿಗೂ, ಕೈಕಾಲು ಜುಮ್ಮೆನ್ನುವವರಿಗೂ ಮೊದಲು ಚಿತ್ರ ತೆಗೆಯಬೇಕು. ಅಂಥ ಅಪಾಯ ಯಾವುದೂ ಇಲ್ಲವೆಂದು ಖಚಿತವಾದ ಮೇಲೆ, ಎಲ್ಲಕ್ಕೂ ಕೊನೆಗೆ, ಸ್ವತಃ 45 ಡಿಗ್ರಿ ಎರಡೂ ಕಡೆಗೆ ತಿರುಗಿಸಬಲ್ಲರೇ ಎಂದು ವೈದ್ಯರು ನೋಡುತ್ತಾರೆ. ಮೂರು ಅಡಿ ಎಲ್ಲಿ, ನಮ್ಮ ಅಡಿಕೆ ಮರ ಎಲ್ಲಿ! ಬಿದ್ದವರನ್ನು ಎಬ್ಬಿಸಿ ಕೂರಿಸಿ ನೀರು ಕುಡಿಸುವ ನಮ್ಮ ಅಭ್ಯಾಸ ಬಿಡಬೇಕು. ಬಿದ್ದಲ್ಲೇ ಅಲುಗಾಡದಂತೆ, ತಲೆಯ ಎರಡು ಬದಿಗೆ ಕೈಯಿಟ್ಟು ಹಿಡಿದು 108ಕ್ಕೆ ಕರೆ ಮಾಡಿ.

ಬೀಳದೆ ಇದ್ದವರಲ್ಲೂ ಕೆಲವರಿಗೆ ಟೇಪು ಹಿಡಿಯುವ ಮೊದಲು ವೈದ್ಯರ ಬಳಿ ಹೋಗುವ ಅಗತ್ಯವಿದೆ. ಜ್ವರ, ತಲೆನೋವು ಜೊತೆಯಾಗಿ ಗದ್ದ ಎದೆಯ ಕಡೆಗೆ ಬಗ್ಗದಿದ್ದರೆ ಅದು ಉಳುಕಲ್ಲ, ಮೆದುಳಿನ ಪೊರೆಯ ಸೋಂಕು ಇರಬಹುದು. ಆ ಗಳಿಗೆಯೇ ಆಸ್ಪತ್ರೆಗೆ ಹೊರಡಬೇಕು. ತಲೆ ಬಗ್ಗಿಸಿದಾಗ ಬೆನ್ನಿನುದ್ದಕ್ಕೆ ಕರೆಂಟು ಹೊಡೆದಂತಾಗುವುದು, ಅಂಗಿಯ ಗುಂಡಿ ಹಾಕಲು ಬೆರಳು ತೊಡಕುವುದು, ನಡಿಗೆ ತಪ್ಪುವುದು, ಮೂತ್ರದ ಹತೋಟಿ ಹೋಗುವುದು ಇವೆಲ್ಲ ಬೆನ್ನುಹುರಿಗೆ ಒತ್ತಡವಿದೆ ಎಂಬುದರ ಗುರುತಾಗಿರಬಹುದು. ಸಂಧಿವಾತ ಬಹಳ ಕಾಲದಿಂದ ಇದ್ದವರಲ್ಲಿ ಮೇಲಿನ ಎರಡು ಮೂಳೆಗಳ ಕಟ್ಟು ಸಡಿಲವಾಗಿರುವುದುಂಟು, ಅವರ ತಲೆಯನ್ನು ಇನ್ನೊಬ್ಬರು ಒತ್ತಿ ತಿರುಗಿಸಲೇಬಾರದು.

ಒತ್ತಿ ತಿರುಗಿಸುವ ಮಾತು ಬಂದದ್ದರಿಂದ ಕ್ಷೌರದಂಗಡಿಯನ್ನೂ ನೆನೆಯಬೇಕಾಯಿತು. ತಲೆಗೂದಲು ಕತ್ತರಿಸಿದ ಮೇಲೆ ಗದ್ದ ಹಿಡಿದು ಪಟ್ಟೆಂದು ತಿರುಗಿಸಿ ಲಟಿಕೆ ತೆಗೆಸಿಕೊಳ್ಳುವುದು ಹಲವರಿಗೆ ಬಹಳ ಸುಖ. ಮೆದುಳಿಗೆ ರಕ್ತ ಒಯ್ಯುವ ಎರಡು ನಾಳಗಳು ಕುತ್ತಿಗೆ ಮೂಳೆಗಳ ತೂತುಗಳ ಒಳಗಿಂದಲೇ ಹಾದುಹೋಗುತ್ತವೆ. ಥಟ್ಟನೆ ತಿರುಚಿದಾಗ ಅಪರೂಪಕ್ಕಾದರೂ ಅವುಗಳ ಒಳಪದರ ಹರಿದು ಪಾರ್ಶ್ವವಾಯು ಆದದ್ದುಂಟು. ಕ್ಷೌರಿಕ ನಮ್ಮ ಗೆಳೆಯನೇ. ಬೇಡವೆಂದರೆ ಅವನು ಬೇಸರಪಟ್ಟುಕೊಳ್ಳುವುದಿಲ್ಲ.

ದೋಟಿ ಹಿಡಿಯುವವರಿಗೆ ನಾವು ಕೇಳಿ ತಿಳಿದದ್ದು ಇಷ್ಟು: ಇಬ್ಬರಿದ್ದರೆ ನಾಲ್ಕೈದು ಮರಕ್ಕೊಮ್ಮೆ ಕೈ ಬದಲಿಸಿಕೊಳ್ಳಿ. ಒಬ್ಬರೇ ಇದ್ದರೆ ಪ್ರತಿ ಮರದ ಮೇಲೆ ದೋಟಿ ಇಳಿಸಿ, ಗದ್ದವನ್ನು ಎದೆಯ ಕಡೆಗೆ ತಂದು, ಎಡಬಲ ನೋಡಿ, ಆಮೇಲೆ ಮುಂದಿನ ಮರ. ಜಾಗವಿದ್ದಲ್ಲಿ ಹಿಂದೆ ಸರಿದು ನಿಂತಷ್ಟೂ ಒಳ್ಳೆಯದು. ಮೇಲೆ ಹೇಳಿದ ಅದೇ ಗೊನೆಗೆ 20 ಅಡಿ ದೂರದಿಂದ ನೋಡಿದರೆ ಕೋನ 60ಕ್ಕೆ ಇಳಿಯುತ್ತದೆ. ನಮ್ಮ ಒತ್ತಾದ ತೋಟಗಳಲ್ಲಿ ಅಷ್ಟು ದೂರ ಸಿಗುವುದು ಅಪರೂಪವೆಂದು ಬಲ್ಲೆವು.

ಆ ದಿನ ನಾವೂ ಕುರ್ಚಿಯಲ್ಲಿ ಕುಳಿತು ಅಳೆಸಿಕೊಂಡೆವು. ಎಡಕ್ಕೆ 61, ಬಲಕ್ಕೆ 50. ತೋಟದ ಕೆಲಸವಿಲ್ಲದವರಿಗೆ ಇದೇಕೆ ಎಂದು ಕೇಳಿದಾಗ, ಮೇಜಿನ ಮೇಲೆ ಪುಸ್ತಕ ಯಾವ ಕಡೆ ಇಟ್ಟು ಓದುತ್ತೀರಿ ಫಾದರ್ ಎಂದು ಅವಳು ತಿರುಗಿ ಕೇಳಿದಳು. ಎಡಗಡೆಗೆ. ಈಗ ದೀಪವನ್ನೂ ಪುಸ್ತಕವನ್ನೂ ನಡುವಿಗೆ ತಂದಿದ್ದೇವೆ. ಟೇಪು ಇಲ್ಲದವರು ಗುರುನಿವಾಸದ ಕಚೇರಿಯಲ್ಲಿ ಕೇಳಿ ಪಡೆಯಬಹುದು, ಹಿಂದಿರುಗಿಸುವುದನ್ನು ಮಾತ್ರ ಮರೆಯಬಾರದು.